ನಾಲ್ಕನೇ ನಂಬರಿನ ಹುಡುಗ ನೋಡದೇ ಬಿಟ್ಟ ಕಾಗದ

ಇವತ್ತು ವಿಧಾನಸೌಧ ಇಲ್ಲ, ದೆಹಲಿ ಇಲ್ಲ. ಯಾರು ಯಾರ ಮನೆಗೆ ಊಟಕ್ಕೆ ಹೋದ್ರು, ಊಟದ ಎಲೆ ಮೇಲೆ ಏನು ಮಾತಾಯ್ತು ಅನ್ನೋದೂ ಇಲ್ಲ. ಇವತ್ತು ನಿಮಗೆ ಒಂದು ಫೋಟೋ ತೋರಿಸ್ತೀನಿ. ನನ್ನ ಹಿಂದೆ ಪರದೆ ಮೇಲೆ ಇದೆ, ನೋಡಿ.

ಕಪ್ಪು ಬಿಳುಪು ಚಿತ್ರ. ಒಬ್ಬ ಯುವಕ ಗಾಳಿಯಲ್ಲಿ ಅಡ್ಡಡ್ಡಲಾಗಿ ತೇಲ್ತಾ ಇದ್ದಾನೆ. ಎರಡೂ ಕೈ ಮುಂದೆ ಚಾಚಿದ್ದಾನೆ. ನೀರಿಗೆ ಹಾರೋ ಮಕ್ಕಳ ಹಾಗೆ. ಬಾಯಿ ತೆರೆದಿದೆ, ಮುಖದಲ್ಲಿ ಖುಷಿ. ಕೆಳಗೆ ನೀರಿಲ್ಲ, ಗಟ್ಟಿ ಮಂಜುಗಡ್ಡೆ. ಇನ್ನರ್ಧ ಸೆಕೆಂಡಿನಲ್ಲಿ ದಬಾರ್ ಅಂತ ಬೀಳ್ತಾನೆ. ಅದು ಅವನಿಗೆ ಲೆಕ್ಕಕ್ಕೇ ಇಲ್ಲ. ಯಾಕಂದ್ರೆ ಅವನು ಹೊಡೆದದ್ದು ಆಗಲೇ ಗೋಲಿನ ಒಳಗೆ ಹೋಗಿಬಿಟ್ಟಿದೆ.

1970ರ ಮೇ 10, ಭಾನುವಾರ. ಅಮೆರಿಕದ ಬಾಸ್ಟನ್ ನಗರ. ಆಟ ಐಸ್ ಹಾಕಿ. ಹುಡುಗನ ಹೆಸರು ಬಾಬಿ ಆರ್. ವಯಸ್ಸು 22. ಬೆನ್ನ ಮೇಲೆ ನಂಬರ್ 4. ಉತ್ತರ ಅಮೆರಿಕದಲ್ಲಿ ಈ ಫೋಟೋ ಇಲ್ಲದ ಹಾಕಿ ಅಭಿಮಾನಿಯ ಮನೆ ಹುಡುಕಬೇಕು. ಇದೇ ಭಂಗಿಯ ಕಂಚಿನ ಪ್ರತಿಮೆಯನ್ನ 2010ರಲ್ಲಿ, ಸರಿಯಾಗಿ ನಲವತ್ತು ವರ್ಷದ ನಂತರ, ಬಾಸ್ಟನ್‌ನ ಕ್ರೀಡಾಂಗಣದ ಹೊರಗೆ ನಿಲ್ಲಿಸಿದ್ರು.

ಈ ಹುಡುಗ ಆಟ ಬಿಟ್ಟಾಗ ಅವನಿಗೆ ಮೂವತ್ತು ವರ್ಷ. ಅದಾದ ಸ್ವಲ್ಪ ದಿನಕ್ಕೇ ಲೆಕ್ಕಪತ್ರ ತೆಗೆಸಿ ನೋಡಿದ್ರೆ ಅವನ ಹತ್ರ ಇದ್ದ ಆಸ್ತಿಗಿಂತ ಕಟ್ಟಬೇಕಾದ ಬಾಕಿಯೇ ಜಾಸ್ತಿ ಇತ್ತು. ಎಲ್ಲಿ ಹೋಯ್ತು ದುಡ್ಡು? ಕುಡಿದನಾ? ಜೂಜಾಡಿದನಾ? ಎರಡೂ ಇಲ್ಲ. ನಂಬಿದ. ಅಷ್ಟೇ. ಇವತ್ತಿನ ಕತೆ ಅದು. ಕೊನೆಗೆ ನಮ್ಮ ಸುದ್ದಿ ಮನೆಗಳಿಗೂ ಬಂದು ಮುಟ್ಟೋ ಕತೆ.

ಮೊದಲು ಆಟ ಏನು ಅಂತ ಹೇಳಿಬಿಡ್ತೀನಿ. ಹಾಕಿ ಅಂದ್ರೆ ನಮಗೆ ಕೊಡಗು, ಹುಲ್ಲಿನ ಮೈದಾನ, ಬಿಳಿ ಚೆಂಡು. ಇದು ಬೇರೆ. ಇನ್ನೂರು ಅಡಿ ಉದ್ದ, ಎಂಬತ್ತೈದು ಅಡಿ ಅಗಲದ ಮಂಜುಗಡ್ಡೆಯ ನೆಲ. ಸುತ್ತ ಮರದ ಗೋಡೆ. ಚೆಂಡಿನ ಬದಲು ಗಟ್ಟಿ ರಬ್ಬರಿನ ಬಿಲ್ಲೆ, ಅದಕ್ಕೆ ಪಕ್ ಅಂತಾರೆ. ಮೂರು ಅಂಗುಲ ಅಗಲ, ಒಂದು ಅಂಗುಲ ದಪ್ಪ. ಒಂದು ಕಡೆಗೆ ಆರು ಜನ, ಗೋಲಿಯೂ ಸೇರಿ. ಕಾಲಲ್ಲಿ ಚಾಕುವಿನಂಥ ಅಲಗು ಇರೋ ಸ್ಕೇಟ್ಸ್. ಮೈಗೆ ಮೈ ಡಿಕ್ಕಿ ಹೊಡೆಯೋದು ಇಲ್ಲಿ ತಪ್ಪಲ್ಲ, ಆಟದ ಭಾಗ. ಗೋಡೆಗೆ ಒತ್ತಿ ಅರೆದುಬಿಡ್ತಾರೆ ಸ್ವಾಮಿ.

ಆ ಆರರಲ್ಲಿ ಇಬ್ಬರು ಡಿಫೆನ್ಸ್‌ಮನ್. ನಮ್ಮ ಹಾಕಿಯ ಫುಲ್ ಬ್ಯಾಕ್ ಇದ್ದ ಹಾಗೆ. ಹಿಂದೆ ನಿಲ್ಲಬೇಕು, ಎದುರಾಳಿಯನ್ನ ತಡೀಬೇಕು, ಪಕ್ ಸಿಕ್ಕಿದ್ರೆ ಮುಂದಿನವರಿಗೆ ಕೊಟ್ಟು ಮತ್ತೆ ಹಿಂದೆ ನಿಲ್ಲಬೇಕು. ಕಾವಲುಗಾರನ ಕೆಲಸ. ಗೋಲು ಹೊಡೆಯೋದು ಬೇರೆಯವರ ಭಾಗ್ಯ. ಮಧ್ಯೆ ಮಧ್ಯೆ ಒಬ್ಬಿಬ್ಬರು ಈ ಗೆರೆ ದಾಟಿದ್ದು ಉಂಟು. ಆದ್ರೆ ಗೆರೆಯನ್ನೇ ಅಳಿಸಿ ಹಾಕಿದವನು ಆರ್. ತನ್ನ ಗೋಲಿನ ಹಿಂದಿನಿಂದ ಪಕ್ ಎತ್ತಿಕೊಂಡು, ಇನ್ನೂರು ಅಡಿ ಒಬ್ಬನೇ ಸಾಗಿ, ಎದುರಾಳಿ ಗೋಲಿಯ ಎದುರು ನಿಲ್ತಿದ್ದ. ಪಕ್ ಕೈತಪ್ಪಿದ್ರೆ? ಎಲ್ಲರಿಗಿಂತ ಮೊದಲು ವಾಪಸ್ ಬಂದು ತಡೆಯೋನೂ ಅವನೇ. ಹಳೇ ಪಂದ್ಯಗಳ ವಿಡಿಯೋ ನೋಡಿದ್ರೆ ಒಂದು ವಿಚಿತ್ರ ಕಾಣುತ್ತೆ. ಉಳಿದವರೆಲ್ಲ ಓಡ್ತಾ ಇರ್ತಾರೆ, ಇವನು ಮಾತ್ರ ಯಾವ ಅವಸರವೂ ಇಲ್ಲದವನ ಹಾಗೆ ಅವರನ್ನ ದಾಟಿ ಹೋಗ್ತಾ ಇರ್ತಾನೆ. ಅಂದಹಾಗೆ, ಸ್ಕೇಟ್ಸ್ ಒಳಗೆ ಕಾಲುಚೀಲ ಹಾಕ್ತಾ ಇರಲಿಲ್ಲವಂತೆ. ಬರಿಗಾಲು.

ಹುಟ್ಟಿದ್ದು 1948ರ ಮಾರ್ಚ್ 20. ಕೆನಡಾದ ಒಂಟಾರಿಯೋ ಪ್ರಾಂತ್ಯದ ಪ್ಯಾರಿ ಸೌಂಡ್ ಅನ್ನೋ ಸಣ್ಣ ಊರು. ದೊಡ್ಡ ಸರೋವರದ ದಂಡೆ, ಚಳಿಗಾಲ ಬಂದ್ರೆ ಊರಿಗೆ ಊರೇ ಆಟದ ಮೈದಾನ. ತಂದೆ ಡಗ್, ಸ್ಫೋಟಕ ತಯಾರಿಸೋ ಕಾರ್ಖಾನೆಯಲ್ಲಿ ಕೆಲಸ. ತಾಯಿ ಆರ್ವಾ, ಹೋಟೆಲಿನಲ್ಲಿ ತಟ್ಟೆ ಹಿಡಿದು ಬಡಿಸಿದವರು. ಐದು ಮಕ್ಕಳು. ಅಂಥ ಮನೆ.

1961ರಲ್ಲಿ ಬಾಸ್ಟನ್ ಬ್ರೂಯಿನ್ಸ್ ತಂಡದ ಅಧಿಕಾರಿಗಳು ಬೇರೆ ಯಾರೋ ಹುಡುಗರನ್ನ ನೋಡೋಕೆ ಅಂತ ಒಂದು ಮಕ್ಕಳ ಪಂದ್ಯಕ್ಕೆ ಬಂದಿದ್ರು. ಎದುರು ತಂಡದಲ್ಲಿ ಇವನು. ಬಂದವರು ಯಾರನ್ನ ನೋಡೋಕೆ ಬಂದ್ವಿ ಅನ್ನೋದನ್ನೇ ಮರೆತರು. ಮಾರನೇ ವರ್ಷ, ಹುಡುಗನಿಗೆ ಹದಿನಾಲ್ಕು, ಕರಾರು ಆಯ್ತು. ಆ ಕಾಲದಲ್ಲಿ ಹಾಗೇ. ಹದಿನಾಲ್ಕನೇ ವಯಸ್ಸಿಗೆ ಒಂದು ಕಾಗದಕ್ಕೆ ಸಹಿ ಬಿದ್ರೆ ಆ ಹುಡುಗ ಆ ತಂಡದ ಸೊತ್ತು. ಬೇರೆ ತಂಡದ ಮುಖ ನೋಡೋ ಹಾಗಿಲ್ಲ. ಪ್ರತಿಯಾಗಿ ಮನೆಗೆ ಸಿಕ್ಕಿದ್ದೇನು? ಸಾವಿರ ಡಾಲರ್ ಕೈಗೆ, ಮನೆಯ ಹೊರಗೋಡೆಗೆ ಹೊಸ ಗಾರೆ, ಮತ್ತೆ ಒಂದು ಕಾರಿನ ಮಾತು. ಐಸ್ ಹಾಕಿಯ ಇತಿಹಾಸದ ಅತ್ಯಂತ ದೊಡ್ಡ ಡಿಫೆನ್ಸ್‌ಮನ್‌ಗೆ ಕೊಟ್ಟ ಬೆಲೆ ಒಂದು ಮನೆಯ ಗಾರೆ ಕೆಲಸ. ಮೊದಲ ವರ್ಷ ಅಮ್ಮ ಹುಡುಗನನ್ನ ಊರು ಬಿಟ್ಟು ಕಳಿಸಲಿಲ್ಲ. ಇನ್ನೂರು ಕಿಲೋಮೀಟರ್‌ಗೂ ದೂರದ ಆಶವಾ ಊರಿನ ತಂಡಕ್ಕೆ ಆಡಿ ಆಡಿ ವಾಪಸ್ ಮನೆಗೆ ಬರ್ತಿದ್ದ. ಅವನ ಎದುರಿಗೆ ಆಡ್ತಿದ್ದವರೆಲ್ಲ ಹದಿನೆಂಟು, ಹತ್ತೊಂಬತ್ತರ ಗಟ್ಟಿಗರು.

ಇಲ್ಲಿ ಅಪ್ಪನ ಮಾತು ಹೇಳಲೇಬೇಕು. ಡಗ್ ಆರ್‌ಗೆ ಗೊತ್ತಾಗಿತ್ತು, ತಂಡದ ದೊಡ್ಡ ಮನುಷ್ಯರ ಎದುರು ಕೂತು ಮಾತಾಡೋದು ತನ್ನಿಂದ ಆಗೋ ಕೆಲಸ ಅಲ್ಲ ಅಂತ. ಓದಿದವನು, ಕಾನೂನು ಗೊತ್ತಿರೋನು ಒಬ್ಬ ಬೇಕು. ಹಾಗೆ ಆ ಮನೆಯೊಳಗೆ ಬಂದವನು ಟೊರಾಂಟೋದ ಯುವ ವಕೀಲ ಅಲನ್ ಈಗಲ್‌ಸನ್. ಮಾತುಗಾರ, ಚುರುಕು, ಒಂಟಾರಿಯೋ ವಿಧಾನಸಭೆಯ ಸದಸ್ಯನೂ ಆಗಿದ್ದ. 1966ರಲ್ಲಿ ಹುಡುಗನಿಗೆ ಹದಿನೆಂಟಾದಾಗ ಬ್ರೂಯಿನ್ಸ್ ಹೇಳಿದ ಮೊತ್ತ ಕೇಳಿ ಈಗಲ್‌ಸನ್ ನಕ್ಕುಬಿಟ್ಟ. ಆಡಿಸಲ್ಲ, ಬೇಕಾದ್ರೆ ಕೆನಡಾದ ರಾಷ್ಟ್ರೀಯ ತಂಡಕ್ಕೆ ಆಡ್ತಾನೆ ಅಂದ. ಕೊನೆಗೆ ಬ್ರೂಯಿನ್ಸ್ ಮ್ಯಾನೇಜರ್‌ನ ದೋಣಿಯಲ್ಲಿ ಕೂತು ಸಹಿ ಆಯ್ತು. ಅಲ್ಲೀವರೆಗೆ ಆ ಲೀಗಿನಲ್ಲಿ ಹೊಸಬನಿಗೆ ಯಾರೂ ಕೊಡದಿದ್ದ ಸಂಬಳ.

ಅದು ದೊಡ್ಡ ಸುದ್ದಿ. ಯಾಕೆ ಅಂತ ಅರ್ಥ ಆಗಬೇಕಾದ್ರೆ ಒಂಬತ್ತು ವರ್ಷ ಹಿಂದಕ್ಕೆ ಹೋಗಬೇಕು. 1957ರಲ್ಲಿ ಟೆಡ್ ಲಿಂಡ್ಸೆ, ಡಗ್ ಹಾರ್ವಿ ಅನ್ನೋ ದೊಡ್ಡ ಆಟಗಾರರು ಸೇರಿ ಆಟಗಾರರ ಸಂಘ ಕಟ್ಟೋಕೆ ಹೊರಟಿದ್ರು. ಮಾಲೀಕರು ಮುರಿದು ಹಾಕಿದ್ರು. ಲಿಂಡ್ಸೆಯನ್ನ ಡೆಟ್ರಾಯಿಟ್‌ನಿಂದ ಎತ್ತಿ ಶಿಕಾಗೋಗೆ ಎಸೆದ್ರು. ಅವತ್ತಿಂದ ಆಟಗಾರರು ಬಾಯಿ ಬಿಟ್ಟಿರಲಿಲ್ಲ. ಈಗ ಒಬ್ಬ ವಕೀಲ ಬಂದು ಮಾಲೀಕರನ್ನೇ ಬಗ್ಗಿಸಿದ! ಮಾರನೇ ವರ್ಷ 1967ರಲ್ಲಿ ಆಟಗಾರರ ಸಂಘ ಹುಟ್ಟಿತು. ಮುಖ್ಯಸ್ಥ ಯಾರು? ಈಗಲ್‌ಸನ್. ಆರ್ ಅನ್ನೋ ಹೆಸರೇ ಅವನ ವಿಸಿಟಿಂಗ್ ಕಾರ್ಡ್ ಆಗಿತ್ತು. ಆ ಹುಡುಗನೂ ಅಷ್ಟೇ, ಈಗಲ್‌ಸನ್‌ನನ್ನ ಅಣ್ಣ ಅಂತಲೇ ತಿಳಿದ. ದುಡ್ಡು ಎಲ್ಲಿ ಇಡಬೇಕು, ತೆರಿಗೆ ಏನು, ಜಾಹೀರಾತು ಯಾವುದು, ಎಲ್ಲ ಅಣ್ಣನಿಗೆ ಬಿಟ್ಟಿದ್ದು. ತಾನು ಆಡೋದು.

ಆಡಿದ ಕೂಡ. ಅವನು ಬಂದಾಗ ಆರು ತಂಡಗಳ ಲೀಗಿನಲ್ಲಿ ಬಾಸ್ಟನ್ ಐದನೇ ಸ್ಥಾನದಲ್ಲಿತ್ತು. ಆ ವರ್ಷ ಕೊನೆಗೇ ಇಳಿಯಿತು. ಆದ್ರೂ ವರ್ಷದ ಹೊಸ ಆಟಗಾರ ಪ್ರಶಸ್ತಿ ಇವನಿಗೆ ಬಂತು. ಆ ವರ್ಷ ಅತ್ಯುತ್ತಮ ಡಿಫೆನ್ಸ್‌ಮನ್‌ಗೆ ಕೊಡೋ ನಾರಿಸ್ ಟ್ರೋಫಿ ಗೆದ್ದವನು ನ್ಯೂಯಾರ್ಕ್‌ನ ಹ್ಯಾರಿ ಹೋವೆಲ್. ಸದ್ಯ ಈ ವರ್ಷವೇ ಗೆದ್ದೆ, ಮುಂದೆ ಇದು ಆ ಹುಡುಗನದ್ದೇ ಆಗುತ್ತೆ ಅನ್ನೋ ಅರ್ಥದ ಮಾತು ಹೇಳಿದ್ನಂತೆ. 1968ರಿಂದ 1975ರವರೆಗೆ ಸತತ ಎಂಟು ಸಲ ಆ ಟ್ರೋಫಿ ಆರ್ ಮನೆಗೇ ಹೋಯ್ತು.

ಅಂಕಿ ಅಂಶ ಜಾಸ್ತಿ ಹೇಳಿ ತಲೆ ತಿನ್ನಲ್ಲ. ಮೂರು ಮಾತು ಸಾಕು. ಈ ಆಟದಲ್ಲಿ ಗೋಲು ಹೊಡೆದವನಿಗೂ ಒಂದು ಅಂಕ, ಆ ಗೋಲಿಗೆ ಪಾಸ್ ಕೊಟ್ಟವನಿಗೂ ಒಂದು ಅಂಕ. 1969–70ರಲ್ಲಿ ಆರ್ 120 ಅಂಕ ಗಳಿಸಿ ಇಡೀ ಲೀಗಿಗೆ ಮೊದಲಿಗನಾದ. ಕಾವಲುಗಾರ ಗೋಲು ಹೊಡೆಯೋರನ್ನೆಲ್ಲ ಹಿಂದೆ ಹಾಕಿದ. ಅದಕ್ಕೆ ಮೊದಲು ಯಾವ ಡಿಫೆನ್ಸ್‌ಮನ್‌ಗೂ ಆಗಿರಲಿಲ್ಲ. ಅವನೇ 1975ರಲ್ಲಿ ಇನ್ನೊಮ್ಮೆ ಮಾಡಿದ. ಅವನ ನಂತರ ಯಾರಿಗೂ ಆಗಿಲ್ಲ. ಎರಡನೇದು, 1970–71ರಲ್ಲಿ 37 ಗೋಲು, 102 ಪಾಸ್, ಒಟ್ಟು 139. ಡಿಫೆನ್ಸ್‌ಮನ್ ಒಬ್ಬನ ಆ ದಾಖಲೆ ಇನ್ನೂ ಅಲ್ಲೇ ಇದೆ. ಮೂರನೇದು ನನಗೆ ಎಲ್ಲಕ್ಕಿಂತ ಇಷ್ಟವಾದದ್ದು. ಅದೇ ವರ್ಷದ ಅವನ ಪ್ಲಸ್-ಮೈನಸ್ ಲೆಕ್ಕ. ಅಂದ್ರೆ ಸಮಬಲದ ಆಟದಲ್ಲಿ ಅವನು ಕಣದಲ್ಲಿದ್ದಾಗ ಅವನ ತಂಡ ಹೊಡೆದ ಗೋಲುಗಳಿಂದ ಎದುರಾಳಿ ಹೊಡೆದದ್ದನ್ನ ಕಳೆದ್ರೆ ಎಷ್ಟು ಉಳಿಯುತ್ತೆ ಅಂತ. 124. ಒಂದೇ ಸೀಸನ್ನಿನಲ್ಲಿ. ಅದನ್ನೂ ಇವತ್ತಿನವರೆಗೆ ಯಾರೂ ಮುಟ್ಟಿಲ್ಲ.

ಇನ್ನು ಆ ಫೋಟೋ. ಬಾಸ್ಟನ್ ಸ್ಟ್ಯಾನ್ಲಿ ಕಪ್ ಗೆದ್ದು 29 ವರ್ಷ ಆಗಿತ್ತು. ಫೈನಲ್ಲಿನ ನಾಲ್ಕನೇ ಪಂದ್ಯ, ಸೇಂಟ್ ಲೂಯಿಸ್ ವಿರುದ್ಧ, 3–3. ಹೆಚ್ಚುವರಿ ಸಮಯ. ಶುರುವಾಗಿ ನಲವತ್ತೇ ಸೆಕೆಂಡ್. ಗೋಲಿನ ಹಿಂದಿನ ಮೂಲೆಯಿಂದ ಡೆರೆಕ್ ಸ್ಯಾಂಡರ್ಸನ್ ಪಾಸ್ ಕೊಟ್ಟ. ಆರ್ ನುಗ್ಗಿ ಬಂದು ತಳ್ಳಿದ, ಗೋಲು. ಅಷ್ಟರಲ್ಲಿ ಎದುರಾಳಿ ನೋಯಲ್ ಪಿಕಾರ್ಡ್‌ನ ಕೋಲು ಕಾಲಿಗೆ ಸಿಕ್ಕಿ ಹುಡುಗ ಹಾರಿದ. ಕ್ಲಿಕ್ ಮಾಡಿದವರು ರೇ ಲೂಸಿಯೆ ಅನ್ನೋ ಪತ್ರಿಕಾ ಛಾಯಾಗ್ರಾಹಕ. ಅವರು ಕೂತಿದ್ದ ಸ್ಟೂಲು ಅವರದ್ದಲ್ಲ. ಅಲ್ಲಿ ಕೂತಿರಬೇಕಿದ್ದ ಇನ್ನೊಬ್ಬ ಫೋಟೋಗ್ರಾಫರ್ ಸೆಕೆ ತಡೀಲಾರದೆ ಬಿಯರ್ ಕುಡಿಯೋಕೆ ಹೋಗಿದ್ನಂತೆ! ನಮ್ಮ ಕ್ಯಾಮೆರಾಮನ್‌ಗಳಿಗೆ ಈ ಕತೆ ಹೇಳ್ತಾನೇ ಇರ್ತೀನಿ. ಚಹಾಕ್ಕೆ ಹೋಗೋದಾದ್ರೆ ಹೋಗ್ರಪ್ಪಾ, ಆದ್ರೆ ಗೋಲಿನ ಹತ್ತಿರದ ಸ್ಟೂಲು ಬಿಡಬೇಡಿ.

1971ರಲ್ಲಿ ಹೊಸ ಕರಾರು. ವರ್ಷಕ್ಕೆ ಎರಡು ಲಕ್ಷ ಡಾಲರ್, ಐದು ವರ್ಷ. ಲೀಗಿನ ಮೊದಲ ಹತ್ತು ಲಕ್ಷ ಡಾಲರ್ ಕರಾರು ಅಂತ ಸುದ್ದಿಯಾಯ್ತು. 1972ರಲ್ಲಿ ಇನ್ನೊಂದು ಕಪ್. ಹೊರಗಿನಿಂದ ನೋಡಿದವರಿಗೆ ಬದುಕು ಅಂದ್ರೆ ಇದು ಅನ್ನಿಸಬೇಕು.

ಒಳಗೆ ಎಡಗಾಲಿನ ಮಂಡಿ ಸವೆದು ಹೋಗ್ತಾ ಇತ್ತು. ಈಗಿನ ಹಾಗೆ ಎರಡು ತೂತು ಕೊರೆದು ದುರ್ಬೀನು ತೂರಿಸಿ ಮಾಡೋ ಆಪರೇಷನ್ ಆಗ ಇನ್ನೂ ಬಳಕೆಗೆ ಬಂದಿರಲಿಲ್ಲ. ಮಂಡಿಯನ್ನ ಕೊಯ್ದು ತೆರೀತಿದ್ರು, ಹರಿದದ್ದನ್ನ ತೆಗೀತಿದ್ರು, ಹೊಲೀತಿದ್ರು. ಮತ್ತೆ ಆಡೋದು, ಮತ್ತೆ ಹರಿಯೋದು. ಒಟ್ಟು ಹತ್ತಕ್ಕೂ ಹೆಚ್ಚು ಸಲ ಕೊಯ್ದಿದ್ದಾರೆ. 1972ರಲ್ಲಿ ಕೆನಡಾ ಮತ್ತು ಸೋವಿಯತ್ ನಡುವಿನ ಎಂಟು ಪಂದ್ಯಗಳ ಆ ಮಹಾಸರಣಿ ನಡೆದಾಗ, ಇಡೀ ಕೆನಡಾ ಕೆಲಸ ಬಿಟ್ಟು ಟಿವಿ ಮುಂದೆ ಕೂತಾಗ, ದೇಶದ ದೊಡ್ಡ ಆಟಗಾರ ತಂಡದ ಜೊತೆ ಸುಮ್ಮನೆ ತಿರುಗಿದ. ಆಡಲಾಗಲಿಲ್ಲ. ಆ ಸರಣಿಯಲ್ಲಿ ಮೆರೆದವರು ಯಾರು ಗೊತ್ತಾ? ಈಗಲ್‌ಸನ್. ಸರಣಿ ಸಂಘಟಿಸಿದವರಲ್ಲಿ ಅವನೂ ಒಬ್ಬ. ಮಾಸ್ಕೋದ ಕೊನೇ ಪಂದ್ಯದಲ್ಲಿ ಪೊಲೀಸರು ಅವನನ್ನ ಹಿಡಿದುಕೊಂಡ್ರು, ಕೆನಡಾ ಆಟಗಾರರು ಬಿಡಿಸಿಕೊಂಡು ಬಂದ್ರು, ಅವನು ಕ್ರೀಡಾಂಗಣದ ಮಧ್ಯೆ ಬೆರಳು ಎತ್ತಿ ತೋರಿಸಿ ನಡೆದ. ದೇಶಕ್ಕೆ ದೇಶವೇ ಟಿವಿಯಲ್ಲಿ ನೋಡಿತು.

ಈಗ ಒಂದು ಸಲ ಲೆಕ್ಕ ಹಾಕಿ. ಆಟಗಾರರ ಏಜೆಂಟ್ ಯಾರು? ಈಗಲ್‌ಸನ್. ಎಲ್ಲ ಆಟಗಾರರ ಸಂಘದ ಮುಖ್ಯಸ್ಥ? ಈಗಲ್‌ಸನ್. ಅದೇ ಆಟಗಾರರು ಆಡೋ ಅಂತಾರಾಷ್ಟ್ರೀಯ ಪಂದ್ಯಾವಳಿಯ ಸಂಘಟಕ? ಈಗಲ್‌ಸನ್. ತಂಡಗಳ ಮಾಲೀಕರ ಜೊತೆ ಊಟ, ಸ್ನೇಹ? ಅದೂ ಅವನೇ. ಸಂಬಳ ಕೇಳೋ ಕಡೆಯಲ್ಲೂ ಅವನೇ, ಸಂಬಳ ಕೊಡೋರ ಪಕ್ಕದ ಕುರ್ಚಿಯಲ್ಲೂ ಅವನೇ. ಯಾರಾದ್ರೂ ಒಬ್ಬ ಪತ್ರಕರ್ತ ಎದ್ದು ನಿಂತು, ಅಲ್ಲಾ ಸ್ವಾಮಿ, ನೀವು ಇವತ್ತು ಯಾರ ಪರ ಬಂದಿದ್ದೀರಿ ಅಂತ ಕೇಳಬೇಕಿತ್ತು. ಬಹಳ ವರ್ಷ ಕೇಳಲಿಲ್ಲ. ಆ ಮಾತಿಗೆ ಆಮೇಲೆ ಬರ್ತೀನಿ.

1975–76. ಆರ್ ಆಡಿದ್ದು ಹತ್ತೇ ಪಂದ್ಯ. ಕರಾರು ಮುಗೀತಾ ಇತ್ತು. ಬಾಸ್ಟನ್‌ನ ಹೊಸ ಮಾಲೀಕರು ಒಂದು ಪ್ರಸ್ತಾಪ ಮುಂದಿಟ್ಟಿದ್ರು. ಸಂಬಳದ ಜೊತೆಗೆ ತಂಡದಲ್ಲೇ ಪಾಲು. ಶೇಕಡಾ 18.5. ಆಟ ನಿಂತರೂ ನಿಲ್ಲದ ಆದಾಯ. ಆದ್ರೆ ಆರ್ ಸಹಿ ಹಾಕಿದ್ದು ಶಿಕಾಗೋ ತಂಡಕ್ಕೆ. ಶಿಕಾಗೋ ಮಾಲೀಕ ಬಿಲ್ ವರ್ಟ್ಸ್ ಈಗಲ್‌ಸನ್‌ನ ಆಪ್ತ ಸ್ನೇಹಿತ. ಆ 18.5ರ ಮಾತು ತನಗೆ ತಲುಪಲೇ ಇಲ್ಲ, ಬಾಸ್ಟನ್‌ಗೆ ತಾನು ಬೇಡವಾದೆ ಅಂದುಕೊಂಡೇ ಹೊರಟೆ ಅನ್ನೋದು ಆರ್ ಹೇಳೋದು. ನಾನು ಹೇಳಿದ್ದೆ, ಅವನೇ ಒಪ್ಪಲಿಲ್ಲ ಅನ್ನೋದು ಈಗಲ್‌ಸನ್ ಹೇಳೋದು. ಎರಡೂ ಮಾತು ನಿಮ್ಮ ಮುಂದೆ ಇಟ್ಟಿದ್ದೀನಿ. ಒಂದು ಮಾತ್ರ ಸೇರಿಸ್ತೀನಿ. ಇವತ್ತು ಬ್ರೂಯಿನ್ಸ್ ತಂಡದ ಬೆಲೆ ನೂರು ಕೋಟಿ ಡಾಲರಿಗೂ ಮೇಲೆ. ಆ ಪಾಲು ಇಟ್ಟುಕೊಂಡಿದ್ದಿದ್ರೆ ಎಷ್ಟಾಗ್ತಿತ್ತು, ಮೊಬೈಲ್ ತೆಗೆದು ನೀವೇ ಗುಣಿಸಿಕೊಳ್ಳಿ.

ಶಿಕಾಗೋಗೆ ಹೋಗೋ ಮುಂಚೆ, ಆ ಸೆಪ್ಟೆಂಬರ್‌ನಲ್ಲಿ ಮೊದಲ ಕೆನಡಾ ಕಪ್. ಸಂಘಟಕ ಮತ್ತೆ ಈಗಲ್‌ಸನ್. ನಡೆಯೋಕೇ ಕಷ್ಟವಾಗಿದ್ದ ಮಂಡಿ ಇಟ್ಟುಕೊಂಡು ಆರ್ ಏಳು ಪಂದ್ಯ ಆಡಿದ. ಹಗಲು ಕುಂಟೋದು, ರಾತ್ರಿ ಆಡೋದು. ಪಂದ್ಯಾವಳಿಯ ಶ್ರೇಷ್ಠ ಆಟಗಾರ ಅಂತ ಅವನನ್ನೇ ಆರಿಸಿದ್ರು. ದೇಶಕ್ಕಾಗಿ ಆಡಬೇಕು ಅನ್ನೋ ಆಸೆ ಅವನಿಗೆ 1972ರಿಂದ ಇತ್ತು, ತೀರಿತು. ಮಂಡಿಯೂ ಅಲ್ಲಿಗೆ ಬಹುಪಾಲು ತೀರಿತು. ಶಿಕಾಗೋಗೆ ಮೂರು ವರ್ಷದಲ್ಲಿ ಆಡಿದ್ದು 26 ಪಂದ್ಯ. ಒಂದು ವರ್ಷ ಪೂರ್ತಿ ಕೂತ. ಆಡದ ಕಾಲದ ಸಂಬಳದ ಚೆಕ್ಕುಗಳನ್ನ ಅವನು ಬ್ಯಾಂಕಿಗೆ ಹಾಕಲೇ ಇಲ್ಲ. ಕೊಡೋದು ಆಡೋಕೆ, ಆಡದೆ ಹೇಗೆ ತಗೊಳ್ಳೋದು ಅಂದ. ಇತ್ತ ತನ್ನ ಉಳಿತಾಯ ಏನಾಗ್ತಾ ಇದೆ ಅಂತ ನೋಡಿಲ್ಲ. ಅತ್ತ ಹಕ್ಕಿನ ಚೆಕ್ಕು ಮುಟ್ಟಲ್ಲ. ಇದನ್ನ ಪ್ರಾಮಾಣಿಕತೆ ಅನ್ನಬೇಕೋ ಪೆದ್ದುತನ ಅನ್ನಬೇಕೋ, ನನಗಂತೂ ಇನ್ನೂ ತೀರ್ಮಾನ ಆಗಿಲ್ಲ.

1978ರ ನವೆಂಬರ್ 8. ಆಟ ಬಿಟ್ಟ. 657 ಪಂದ್ಯ, 270 ಗೋಲು, 645 ಪಾಸ್. ವಯಸ್ಸು ಮೂವತ್ತು. 1979ರ ಜನವರಿ 9ರಂದು ಬಾಸ್ಟನ್‌ನಲ್ಲಿ ನಾಲ್ಕನೇ ನಂಬರಿನ ಜೆರ್ಸಿಯನ್ನ ಛಾವಣಿಗೆ ಏರಿಸಿದ್ರು, ಇನ್ನು ಆ ನಂಬರ್ ಯಾರಿಗೂ ಕೊಡಲ್ಲ ಅಂತ. ಜನ ಚಪ್ಪಾಳೆ ನಿಲ್ಲಿಸಲೇ ಇಲ್ಲ. ಅವನು ಮೈಕ್ ಮುಂದೆ ಬಂದ್ರೂ ನಿಲ್ಲಿಸಲಿಲ್ಲ. ಬಹಳ ಹೊತ್ತು ಮಾತಾಡೋಕೆ ಬಿಡಲಿಲ್ಲ. ಅದೇ ವರ್ಷ, ಇರೋ ಮೂರು ವರ್ಷದ ಕಾಯುವಿಕೆಯನ್ನೂ ಕೈಬಿಟ್ಟು, ಹಾಲ್ ಆಫ್ ಫೇಮ್‌ಗೆ ಸೇರಿಸಿದ್ರು.

1980ರಲ್ಲಿ ಅವನು ಈಗಲ್‌ಸನ್‌ನ ಸಂಬಂಧ ಕಡಿದುಕೊಂಡ. ಲೆಕ್ಕಿಗರು ಕೂತು ಪಟ್ಟಿ ಮಾಡಿದ್ರು. ಆಸ್ತಿ ಸುಮಾರು 4 ಲಕ್ಷ 56 ಸಾವಿರ ಡಾಲರ್. ತೆರಿಗೆ, ಸಾಲ, ಬಾಕಿ ಸೇರಿ ಸುಮಾರು 4 ಲಕ್ಷ 69 ಸಾವಿರ. ಅಷ್ಟು ವರ್ಷ ಬೇರೆಯವರು ಬರೆದಿಟ್ಟ ಕಾಗದವನ್ನ ಮೊದಲ ಸಲ ಅವನೇ ನೋಡಿದ್ದು. ತನ್ನ ವ್ಯವಹಾರ ತಾನು ನೋಡಿಕೊಳ್ಳಲಿಲ್ಲ, ಅದು ತನ್ನ ತಪ್ಪು ಅಂತ ಆರ್ ನಂತರ ಒಪ್ಪಿಕೊಂಡಿದ್ದಾರೆ. ಇನ್ನೂರು ಅಡಿ ಮಂಜಿನ ಮೇಲೆ ಹನ್ನೆರಡು ಜನ ಮುಂದಿನ ಕ್ಷಣ ಎಲ್ಲಿರ್ತಾರೆ ಅಂತ ಕಂಡ ಕಣ್ಣು ಅದು, ಮೇಜಿನ ಮೇಲಿದ್ದ ಕಾಗದ ಕಾಣಲಿಲ್ಲ.

ಈಗ ನಮ್ಮ ಮಾತಿಗೆ ಬರ್ತೀನಿ. ಆರ್ ದೂರ ಸರಿದ ಮೇಲೂ ಈಗಲ್‌ಸನ್‌ಗೆ ಏನೂ ಆಗಲಿಲ್ಲ. ಸಂಘದ ಕುರ್ಚಿ ಇನ್ನೂ ಹನ್ನೊಂದು ವರ್ಷ ಅವನದ್ದೇ. 1989ರಲ್ಲಿ ಕೆಲವು ಆಟಗಾರರು ಸೇರಿ ಎಡ್ ಗಾರ್ವಿ ಅನ್ನೋ ಅಮೆರಿಕನ್ ಫುಟ್‌ಬಾಲ್ ಸಂಘದ ಮಾಜಿ ಮುಖ್ಯಸ್ಥರಿಂದ ವರದಿ ಮಾಡಿಸಿದ್ರು. ವರದಿ ಕಟುವಾಗಿತ್ತು. ಆಟಗಾರರು ಮತ್ತೂ ಅವನನ್ನೇ ಉಳಿಸಿಕೊಂಡ್ರು. ಅದೇ ವರ್ಷ ಅವನನ್ನ ಹಾಲ್ ಆಫ್ ಫೇಮ್‌ಗೂ ಸೇರಿಸಿದ್ರು! ದೊಡ್ಡ ರಾಜಕಾರಣಿಗಳು ಸ್ನೇಹಿತರು. ಟೊರಾಂಟೋದ ಕ್ರೀಡಾ ಪತ್ರಕರ್ತರಲ್ಲೂ ತುಂಬಾ ಜನ ಸ್ನೇಹಿತರು. ಹಾಕಿಯ ಸುದ್ದಿ ಬೇಕಾ, ಈಗಲ್‌ಸನ್‌ಗೆ ಫೋನ್ ಮಾಡಿ. ಫೋನ್ ಎತ್ತಿದ ತಕ್ಷಣ ಒಂದು ಸುದ್ದಿ ಕೊಡ್ತಾನೆ. ಅಂಥವನ ಮೇಲೆ ಯಾರು ಬರೀತಾರೆ? ಒಬ್ಬಿಬ್ಬರು ಬರೆದರು, ಇಲ್ಲ ಅನ್ನಲ್ಲ. ಬಹುಪಾಲು ಮಂದಿ ಆ ಫೋನ್ ನಂಬರ್ ಕಳಕೊಳ್ಳೋಕೆ ತಯಾರಿರಲಿಲ್ಲ.

ನಗಬೇಡಿ. ನನ್ನ ಮೊಬೈಲ್‌ನಲ್ಲೂ ಅಂಥ ನಂಬರುಗಳಿವೆ. ರಾತ್ರಿ ಹನ್ನೊಂದಕ್ಕೆ ಮಾಡಿದ್ರೂ ಎತ್ತಿ, ಹೇಳಿ ಬ್ರದರ್ ಅನ್ನೋರು. ಅವರು ಕೊಟ್ಟ ಸುದ್ದಿಯನ್ನ ಬ್ರೇಕಿಂಗ್ ಅಂತ ಕೆಂಪು ಪಟ್ಟಿಯಲ್ಲಿ ಓಡಿಸಿದ್ದೀನಿ. ಅವರ ಮೇಲೇ ಒಂದು ಕಡತ ಟೇಬಲ್ಲಿಗೆ ಬಂದಾಗ, ಇನ್ನೊಂದು ಸಲ ಕ್ರಾಸ್ ಚೆಕ್ ಮಾಡ್ರಪ್ಪಾ ಅಂತ ವರದಿಗಾರನನ್ನ ವಾಪಸ್ ಕಳಿಸಿದ್ದೂ ಇದೆ. ಕ್ರಾಸ್ ಚೆಕ್ ಮಾಡೋದು ಸರಿಯೇ. ಆದ್ರೆ ಎಲ್ಲರ ಕಡತಕ್ಕೂ ಅದೇ ಶ್ರದ್ಧೆ ತೋರಿಸಿದ್ದೆನಾ? ಈ ಪ್ರಶ್ನೆ ಹಾಕಿಕೊಂಡ ಮೇಲೆಯೇ ಇವತ್ತು ಈ ಕುರ್ಚಿಯಲ್ಲಿ ಕೂತಿರೋದು.

ಕೊನೆಗೆ ಕತೆ ಬಿಚ್ಚಿದ್ದು ಎಲ್ಲಿ? ಟೊರಾಂಟೋದಲ್ಲಲ್ಲ, ನ್ಯೂಯಾರ್ಕ್‌ನಲ್ಲೂ ಅಲ್ಲ. ಮ್ಯಾಸಚೂಸೆಟ್ಸ್‌ನ ಲಾರೆನ್ಸ್ ಅನ್ನೋ ಗಿರಣಿ ಊರು. ಅಲ್ಲೊಂದು ಸ್ಥಳೀಯ ಪತ್ರಿಕೆ, ಈಗಲ್-ಟ್ರಿಬ್ಯೂನ್. ಅದರ ಕ್ರೀಡಾ ಸಂಪಾದಕ ರಸ್ ಕಾನ್ವೇ. ವರ್ಷಗಟ್ಟಲೆ ಬ್ರೂಯಿನ್ಸ್ ಪಂದ್ಯ ವರದಿ ಮಾಡಿದ ಮನುಷ್ಯ, ಆಟಗಾರರೆಲ್ಲ ಪರಿಚಯ. ನಿವೃತ್ತರಾದ ಆಟಗಾರರು ಒಬ್ಬೊಬ್ಬರೇ ತಮ್ಮ ಕಷ್ಟ ಹೇಳಿಕೊಳ್ತಾ ಬಂದ್ರು. ಈತ ಹೌದಾ ಅಂತ ತಲೆ ಅಲ್ಲಾಡಿಸಿ ಸುಮ್ಮನಾಗಲಿಲ್ಲ. ಕಾಗದ ಕೇಳಿದ. ವಿಮೆಯ ಕಾಗದ, ಪಿಂಚಣಿಯ ಕಾಗದ, ಸಂಘದ ಸಾಲದ ಕಾಗದ. 1991ರಲ್ಲಿ ಸರಣಿ ಶುರುವಾಯ್ತು. ಮಾರನೇ ವರ್ಷ ಪುಲಿಟ್ಜರ್ ಪ್ರಶಸ್ತಿಯ ಅಂತಿಮ ಪಟ್ಟಿಗೆ ಬಂತು.

ಆ ಕಾಗದಗಳಲ್ಲಿ ಏನಿತ್ತು ಅನ್ನೋದಕ್ಕೆ ಒಂದು ಉದಾಹರಣೆ. ಮೈಕ್ ಗಿಲ್ಲಿಸ್ ಅಂತ ಬಾಸ್ಟನ್ ಆಟಗಾರ. 1984ರಲ್ಲಿ ಕಾಲು ಮುರಿದು ಆಟ ಮುಗೀತು. ವಿಮೆ 2 ಲಕ್ಷ 75 ಸಾವಿರ ಡಾಲರ್. ಸುಲಭಕ್ಕೆ ಕೊಡಲ್ಲ, ಹೋರಾಡಬೇಕು ಅಂತ ಹೇಳಿ ಈಗಲ್‌ಸನ್ ಕಡೆಯಿಂದ ಶೇಕಡಾ 15 ಶುಲ್ಕ, 41,250 ಡಾಲರ್ ವಸೂಲಿ. ಅಸಲಿಗೆ ವಿಮೆ ಕಂಪನಿ ಆಗಲೇ ಕೊಡೋಕೆ ಒಪ್ಪಿತ್ತು! ಗಿಲ್ಲಿಸ್ ಮುಂದೆ ಕಾನೂನು ಓದಿದ, ಕೇಸು ಹಾಕಿದ, 1990ರ ದಶಕದಲ್ಲಿ ಗೆದ್ದ. ಬೇಲಿಯೇ ಎದ್ದು ಹೊಲ ಮೇಯ್ದರೆ ಅಂತೀವಲ್ಲ, ಇಲ್ಲಿ ಮುರಿದ ಕಾಲಿನ ದುಡ್ಡಿಗೂ ಬೇಲಿ ಬಾಯಿ ಹಾಕಿತ್ತು.

ಇನ್ನೊಬ್ಬನ ಹೆಸರು ಹೇಳದಿದ್ರೆ ಅನ್ಯಾಯ. ಕಾರ್ಲ್ ಬ್ರೂವರ್. ಅವನೂ ಡಿಫೆನ್ಸ್‌ಮನ್, ಟೊರಾಂಟೋ ತಂಡಕ್ಕೆ ಮೂರು ಕಪ್ ಗೆದ್ದವನು, ಒಂದು ಕಾಲದಲ್ಲಿ ಈಗಲ್‌ಸನ್‌ಗೆ ಹತ್ತಿರದವನು. ಅವನೂ ಅವನ ಜೀವನಸಂಗಾತಿಯೂ ಪಿಂಚಣಿಯ ಜಾಡು ಹಿಡಿದ್ರು. ಗಾರ್ಡಿ ಹೋವ್ ಅಂತ ದಂತಕತೆಯ ಆಟಗಾರ, ಆ ಲೀಗಿನಲ್ಲೇ 26 ಸೀಸನ್ ಆಡಿದವರು, ಅವರಿಗೆ ವರ್ಷಕ್ಕೆ ಸಿಗ್ತಿದ್ದದ್ದು ಹದಿನೈದು ಸಾವಿರ ಡಾಲರಿಗೂ ಕಡಿಮೆ. ಪಿಂಚಣಿ ನಿಧಿಯಲ್ಲಿ ಉಳಿದ ಹೆಚ್ಚುವರಿ ಹಣವನ್ನ ಮಾಲೀಕರು ತಮ್ಮ ಪಾಲಿನ ಕಂತಿಗೆ ವಜಾ ಹಾಕಿಕೊಂಡಿದ್ರು. ಏಳು ಹಳೇ ಆಟಗಾರರು ಕೋರ್ಟಿಗೆ ಹೋದ್ರು. 1992ರಲ್ಲಿ ಒಂಟಾರಿಯೋ ಕೋರ್ಟ್ ಅದು ಆಟಗಾರರ ಹಣ ಅಂದಿತು. 1994ರಲ್ಲಿ ಕೆನಡಾ ಸುಪ್ರೀಂ ಕೋರ್ಟ್ ಮಾಲೀಕರ ಮೇಲ್ಮನವಿ ಕೇಳೋಕೂ ಒಪ್ಪಲಿಲ್ಲ. ನಾಲ್ಕು ಕೋಟಿ ಡಾಲರಿಗೂ ಹೆಚ್ಚು ಹಣ ಮುದುಕರ ಕೈಗೆ ಬಂತು. ಹಲವರು ಅಷ್ಟರಲ್ಲಿ ತೀರಿಹೋಗಿದ್ರು.

1998ರ ಜನವರಿ. ಬಾಸ್ಟನ್‌ನ ಕೋರ್ಟಿನಲ್ಲಿ ಈಗಲ್‌ಸನ್ ಮೂರು ವಂಚನೆ ಆರೋಪಗಳಲ್ಲಿ ತಪ್ಪೊಪ್ಪಿಕೊಂಡ. ಮಾರನೇ ದಿನ ಟೊರಾಂಟೋದಲ್ಲಿ ಮತ್ತೆ ಮೂರು. ಕೆನಡಾ ಕಪ್‌ನ ಜಾಹೀರಾತು ಹಣವೂ ಅದರಲ್ಲಿತ್ತು. ಹತ್ತು ಲಕ್ಷ ಕೆನಡಾ ಡಾಲರ್ ದಂಡ, ಹದಿನೆಂಟು ತಿಂಗಳ ಶಿಕ್ಷೆ. ಒಳಗೆ ಇದ್ದದ್ದು ಆರು ತಿಂಗಳು. ಗಮನಿಸಿ, ಆರ್ ಕಳಕೊಂಡ ದುಡ್ಡಿಗೆ, ಆ 18.5ಕ್ಕೆ, ಯಾವ ಕೋರ್ಟೂ ಶಿಕ್ಷೆ ಕೊಟ್ಟಿಲ್ಲ. ಅದು ಇವತ್ತಿಗೂ ಇಬ್ಬರ ನಡುವಿನ ಮಾತಾಗಿಯೇ ಉಳಿದಿದೆ. ಆದ್ರೆ ಹಾಲ್ ಆಫ್ ಫೇಮ್‌ನಲ್ಲಿ ಈಗಲ್‌ಸನ್ ಉಳಿಯೋದಾದ್ರೆ ನಮ್ಮ ಹೆಸರು ತೆಗೆದುಬಿಡಿ ಅಂತ ಹದಿನೆಂಟು ಮಂದಿ ಎದ್ದು ನಿಂತ್ರು. ಅದರಲ್ಲಿ ಆರ್ ಇದ್ದರು, ಗಾರ್ಡಿ ಹೋವ್ ಇದ್ದರು, 1957ರಲ್ಲಿ ಏಟು ತಿಂದ ಟೆಡ್ ಲಿಂಡ್ಸೆಯೂ ಇದ್ದರು. ಅವರು ಹೋಗಬೇಕಾಗಿ ಬರಲಿಲ್ಲ. ಈಗಲ್‌ಸನ್ ತಾನೇ ರಾಜೀನಾಮೆ ಕೊಟ್ಟ.

ಇನ್ನು ಆ ಫೋಟೋದಲ್ಲಿ ಕಾಣದ ಮನುಷ್ಯ, ಪಾಸ್ ಕೊಟ್ಟ ಡೆರೆಕ್ ಸ್ಯಾಂಡರ್ಸನ್. 1972ರಲ್ಲಿ ಬೇರೆ ಲೀಗಿನವರು ಅವನಿಗೆ 26 ಲಕ್ಷ ಡಾಲರ್ ಕರಾರು ಕೊಟ್ಟಿದ್ರು. ಕುಡಿತ, ಮಾತ್ರೆ, ಕೆಟ್ಟ ವ್ಯವಹಾರ, ಎಲ್ಲ ಕರಗಿ ಪಾರ್ಕಿನ ಬೆಂಚಿನ ಮೇಲೆ ಮಲಗೋ ಸ್ಥಿತಿಗೆ ಬಂದ. ಅವನನ್ನ ಎತ್ತಿ ಚಿಕಿತ್ಸೆಗೆ ಸೇರಿಸೋಕೆ ನಿಂತವರು ಬಾಬಿ ಆರ್. ಚೇತರಿಸಿಕೊಂಡ ಸ್ಯಾಂಡರ್ಸನ್ ಮುಂದೆ ಬಾಸ್ಟನ್‌ನ ಒಂದು ದೊಡ್ಡ ಹಣಕಾಸು ಸಂಸ್ಥೆಯಲ್ಲಿ ಕೂತು, ಆಟಗಾರರಿಗೆ ದುಡ್ಡು ಹೇಗೆ ಉಳಿಸಬೇಕು ಅಂತ ಹೇಳೋ ಕೆಲಸ ಮಾಡಿದ.

ಆರ್? 1990ರ ದಶಕದಲ್ಲಿ ಅವರು ತಾವೇ ಆಟಗಾರರ ಏಜೆಂಟ್ ಆದ್ರು. ಸಣ್ಣ ಊರುಗಳಿಂದ ಅಪ್ಪ ಅಮ್ಮ ಹದಿನೇಳು, ಹದಿನೆಂಟರ ಮಗನನ್ನ ಕರೆದುಕೊಂಡು ಬರ್ತಿದ್ರು, ಪ್ಯಾರಿ ಸೌಂಡ್‌ನ ಡಗ್ ಆರ್ ಒಂದು ಕಾಲದಲ್ಲಿ ಮಗನಿಗೊಬ್ಬ ವಕೀಲನನ್ನ ಹುಡುಕಿದ ಹಾಗೇ. ಮೇಜಿನ ಆ ಕಡೆ, ಕಾಗದ ಇಟ್ಟುಕೊಂಡಿರೋ ಕುರ್ಚಿಯಲ್ಲಿ, ಈಗ ನಾಲ್ಕನೇ ನಂಬರಿನ ಹುಡುಗ ಕೂತಿದ್ದ.

ಇವತ್ತಿಗೆ ಇಷ್ಟು. ನಾಳೆ ಇದೇ ಹೊತ್ತಿಗೆ ಸಿಗೋಣ.